ಯಗಟಿಯಾಕೆಯ ಕುರ್ಚಿ

ಠಾಣೆಯ ಬೆಂಚಿನ ಮೇಲೆ ನಾವಿಬ್ಬರೂ ತಿಂಗಳುಗಟ್ಟಲೆ ಒಟ್ಟಿಗೆ ಕೂತವರು. ನನ್ನ ತಮ್ಮ ಕಾಣೆಯಾಗಿದ್ದ. ಜೊತೆಗೆ ಕೂತಾಕೆ ಯಗಟಿಯಲ್ಲಿ ಕುರಿ ಸಾಕುವವಳು, ಆಕೆಯ ಮಗ ಕಾಣೆಯಾಗಿದ್ದ. ಆಕೆ ಹೈಕೋರ್ಟಿಗೆ ಅರ್ಜಿ ಹಾಕಿಸಿದಳು. ಹುಡುಕಾಟ ಎಲ್ಲಿಗೆ ಬಂತೆಂದು ಎರಡು ವಾರಕ್ಕೊಮ್ಮೆ ವರದಿ ಕೊಡಿ ಎಂದು ಕೋರ್ಟು ಪೊಲೀಸರಿಗೆ ಹೇಳಿತು. ಅಂದಿನಿಂದ ಇನ್‌ಸ್ಪೆಕ್ಟರು ಆಕೆಗೆ ಕುರ್ಚಿ ಹಾಕಿಸತೊಡಗಿದರು. ಆಕೆ ಅದನ್ನು ಸೆರಗಿನಿಂದ ಒರೆಸಿ, ತುದಿಯಲ್ಲಿ ಕೂತು, "ಕೋರ್ಟು ಕೇಳ್ತೈತೆ ಕಣ್ರೀ" ಎನ್ನುತ್ತಿದ್ದಳು. ಬೆಂಚಿನಲ್ಲೇ ಉಳಿದ ನನಗೆ ಹೊಟ್ಟೆ ಉರಿಯುತ್ತಿತ್ತು. ಆ ಕುರ್ಚಿಯ ಕಾಲು ಮುರಿಯಲಿ ಅಂದುಕೊಂಡದ್ದೂ ಉಂಟು.

ಒಂದು ದಿನ ಪೊಲೀಸರು ಆಕೆಯ ಮಗನ ಫೋಟೋ ಹಿಡಿದು ನಿರಾಶ್ರಿತರ ಕೇಂದ್ರಗಳಲ್ಲಿ ಹುಡುಕಲು ಹೊರಟರು. ಆಕೆ ನನ್ನ ಕೈಯಿಂದ ತಮ್ಮನ ಫೋಟೋ ಕಿತ್ತುಕೊಂಡು ಜೀಪಿನವರಿಗೆ ಕೊಟ್ಟಳು.

"ಹೆಂಗೂ ಹೋಗ್ತೀರಲ್ಲ ಸ್ವಾಮಿ, ಈ ಹುಡ್ಗನ್ನೂ ನೋಡ್ಕಂಬನ್ನಿ. ಕೋರ್ಟು ಕೇಳ್ತೈತೆ ಕಣ್ರೀ."

ಕೋರ್ಟು ನನ್ನ ತಮ್ಮನ ಬಗ್ಗೆ ಕೇಳಿರಲೇ ಇಲ್ಲ.

ಸಿಕ್ಕವನು ಅವನೇ. ಆಕೆಯ ಮಗನಲ್ಲ.

ಅವನನ್ನು ನೋಡಲು ಆಕೆ ಶಿವನಿ ಊರಿನ ನಮ್ಮ ಮನೆಗೆ ಬಂದಳು. ನಾನು ಅವನಿಗೆ ಮುದ್ದೆ ಬಡಿಸುತ್ತಿದ್ದೆ. ಕುರ್ಚಿ ಹಾಕಿದೆ, ಕೂರಲಿಲ್ಲ. "ಉಣ್ಣಪ್ಪಾ, ಚೆನ್ನಾಗಿ ಉಣ್ಣು" ಎಂದು ಬಾಗಿಲಲ್ಲೇ ನಿಂತು, ಅವನು ಉಣ್ಣುವುದನ್ನೇ ನೋಡಿದಳು.

ಆ ನೋಟದ ಗುರುತು ನನಗೆ ಹತ್ತಿತು. ಬೆಂಚಿನಿಂದ ನಾನು ಆಕೆಯ ಕುರ್ಚಿಯನ್ನು ನೋಡುತ್ತಿದ್ದುದು ಹಾಗೆಯೇ.