ಹುಳ ಹಣ್ಣಾದ ದಿನದ ಫೈನಲ್

ಆಗೆಲ್ಲ ನಮ್ಮ ಹೊಂಗನೂರಿನ ಮನೆಗಳಲ್ಲಿ ಮಕ್ಕಳಿಗಿಂತ ರೇಷ್ಮೆ ಹುಳಕ್ಕೇ ಮರ್ಯಾದೆ ಹೆಚ್ಚು. ಹುಳ ಉಂಡ ಮೇಲೆ ನಾವು ಉಣ್ಣಬೇಕು, ಹುಳ ಮಲಗಿದರೆ ನಾವು ಪಿಸುಗುಟ್ಟಬೇಕು. ಅಂಥ ಮನೆಯಲ್ಲಿ ಹುಟ್ಟಿ ನಾನು ಹಾಕಿ ಗೋಲ್‌ಕೀಪರ್ ಆದೆನಲ್ಲ, ನನ್ನ ಹಣೆಬರಹಕ್ಕೆ ಏನೆನ್ನಲಿ!

ಹೈಸ್ಕೂಲಿನ ಪಿ.ಟಿ. ಮೇಷ್ಟ್ರಿಗೆ ಹಾಕಿ ಹುಚ್ಚು. ಚನ್ನಪಟ್ಟಣದ ಗೊಂಬೆ ಕೆಲಸದವರಿಂದ ಅರಗಿನ ಬಣ್ಣದ ಮರದ ಚೆಂಡು ಕಡೆಸಿಕೊಂಡು ತಂದಿದ್ದರು. ಓಡಲಾರದ ದಪ್ಪ ಹುಡುಗಿ ಅಂತ ನನ್ನನ್ನು ಗೋಲಿಗೆ ನಿಲ್ಲಿಸಿದರು. ಮೊದಲ ದಿನವೇ ಮೊಣಕಾಲು ಬದನೆಕಾಯಿ ಬಣ್ಣಕ್ಕೆ ತಿರುಗಿತು. ಅವ್ವ ಬೈಯುತ್ತಲೇ ಹುಳಕ್ಕೆ ಸೊಪ್ಪು ತರುವ ಗೋಣಿಚೀಲಕ್ಕೆ ತೆಂಗಿನ ನಾರು ತುಂಬಿ, ತನ್ನ ಹಳೆಯ ಸೀರೆಯ ಕೆಂಪಂಚಿನಿಂದ ಕಟ್ಟು ಹೊಲಿದು ಪ್ಯಾಡ್ ಮಾಡಿಕೊಟ್ಟಳು. ಹಿಪ್ಪುನೇರಳೆ ಸೊಪ್ಪಿನ ವಾಸನೆಯ ಆ ಪ್ಯಾಡ್ ಕಟ್ಟಿಕೊಂಡು, ಆ ವರ್ಷ ಒಂದು ಚೆಂಡನ್ನೂ ಒಳಗೆ ಬಿಡದೆ ತಂಡವನ್ನು ತಾಲ್ಲೂಕು ಫೈನಲ್ಲಿಗೆ ಮುಟ್ಟಿಸಿದೆ. ಹೌದು, ನಾನೇ ಮುಟ್ಟಿಸಿದ್ದು.

ಫೈನಲ್ ದಿನ ಬೆಳಿಗ್ಗೆಯೇ ಹುಳ ಹಣ್ಣಾದವು. ಮೇಯುವುದು ಬಿಟ್ಟು, ಮೈ ಹಳದಿಯಾಗಿ, ತಲೆ ಎತ್ತಿ ಆಡಿಸತೊಡಗಿದವೆಂದರೆ ಆಗಲೇ ಆರಿಸಿ, ಗೂಡು ಕಟ್ಟಲು ಬಿದಿರಿನ ಚಂದ್ರಿಕೆಗೆ ಬಿಡಬೇಕು. ತಡವಾದರೆ ಕಂಡಕಂಡಲ್ಲಿ ನೂಲು ಸುರಿದು ಬೆಳೆ ಹಾಳು.

"ಅವ್ವ, ಇವತ್ತು ಫೈನಲ್ಲು!"

"ಮ್ಯಾಚು ನಾಳೆ ಆಡ್ಕೊ. ಹುಳ ನಾಳೆಗಂಟ ಕಾಯ್ತವಾ?"

"ಮ್ಯಾಚೂ ಕಾಯಕಿಲ್ಲ ಕಣವ್ವ!"

"ಬಾಯ್ ಮುಚ್ಕೊಂಡು ಆರ್ಸು."

ಅಷ್ಟರಲ್ಲಿ ನಮ್ಮ ತಂಡದ ಭಾಗ್ಯ ಬಂದಳು. ಹುಳದ ಮನೆಗೆ ಕೆಲಸಕ್ಕಲ್ಲದೆ ಹೊರಗಿನವರು ಕಾಲಿಡುವಂತಿಲ್ಲ, ಹೊಸಿಲಾಚೆಯೇ ನಿಂತಳು. ನನ್ನನ್ನು ಕರೆದೊಯ್ಯಲು ಬಂದಳೆಂದು ಎದೆ ಹಿಗ್ಗಿತು.

"ನಿಮ್ಮನೇಲಿ ಹುಳ ಹಣ್ಣಾಗವೆ ಅಂತ ಮೇಷ್ಟ್ರಿಗೆ ಗೊತ್ತಾಯ್ತು. ಗೋಲಿಗೆ ನಾನೇ ನಿಂತ್ಕಬೇಕಂತೆ," ಅಂದಳು. "ಪ್ಯಾಡ್ ಒಸಿ ಕೊಡಮ್ಮಿ."

ಕೊಟ್ಟೆ. ಮತ್ತೆ ಹುಳ ಆರಿಸಲು ಕೂತೆ.

ಸಂಜೆ ಕಪ್ ಬಂತು. ಚೆಂಡು ನಮ್ಮ ಗೋಲಿನ ಕಡೆ ಸುಳಿಯಲೇ ಇಲ್ಲವಂತೆ! ಸುಮ್ಮನೆ ನಿಂತಿದ್ದ ಭಾಗ್ಯಳಿಗೆ ಮೆಡಲ್. ಶಾಲೆಯ ಗೋಡೆಗೆ ತೂಗುಹಾಕಿದ ಫೋಟೊದಲ್ಲಿ ನಮ್ಮವ್ವನ ಸೀರೆಯಂಚು ಅವಳ ಕಾಲಲ್ಲಿ. ಮುಂದಿನ ವರ್ಷ ಮೇಷ್ಟ್ರಿಗೆ ವರ್ಗವಾಯಿತು, ಅವರ ಹಿಂದೆ ಹಾಕಿಯೂ ಹೋಯಿತು. ನನ್ನ ಕ್ರೀಡಾ ಜೀವನ ಅಲ್ಲಿಗೆ ಮುಗಿಯಿತು.

ಈಗ ಆ ಮೈದಾನದಲ್ಲಿ ಹೊಸ ಕಟ್ಟಡ ಎದ್ದಿದೆ. ಹುಳದ ಮನೆಯಲ್ಲಿ ತಮ್ಮನ ಬೈಕು ನಿಲ್ಲುತ್ತದೆ. ಚೆಂಡು ತಡೆಯುತ್ತಿದ್ದ ನನ್ನ ಮೊಣಕಾಲಿಗೆ ಮೆಟ್ಟಿಲು ಹತ್ತುವುದೇ ಕಷ್ಟ. ಮೊನ್ನೆ ಸೊಪ್ಪು ಸೋಸುತ್ತ ಕೂತಿದ್ದ ಅವ್ವ ಇದ್ದಕ್ಕಿದ್ದಂತೆ ಅಂದಳು:

"ಅವತ್ತು ಪಕ್ಕದ್ಮನೆಯೋಳ್ನ ಕರ್ಕಂಡಿದ್ರೆ ಆಗೋಗದು ಕಣವ್ವ. ನಿನ್ನ ಕಳಿಸ್ಬೋದಿತ್ತು."

ಊರೆಲ್ಲ ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರಂತೆ! ಸಿಟ್ಟು ನೆತ್ತಿಗೇರಿತು. "ಇದನ್ನ ಅವತ್ತೇ ಅನ್ನಕಾಗ್ಲಿಲ್ವಾ?" ಎಂದು ಕಿರುಚಿದೆ.

ಅವ್ವ ತಲೆಯನ್ನೂ ಎತ್ತಲಿಲ್ಲ.

"ಅವತ್ತು ಹುಳ ಹಣ್ಣಾಗಿದ್ವಲ್ಲವ್ವ," ಅಂದಳು.