ಬರ್ತೀನಿ ಅಂದ ತಪ್ಪಿಗೆ

ಹತ್ತು ವರ್ಷ ತುಂಬುವುದರೊಳಗೆ ನಾನು ನೂರಾರು ಸಲ ಸತ್ತಿದ್ದೆ. ಸಾಯುವುದರಲ್ಲಿ ನನ್ನಷ್ಟು ಜಾಣೆ ಆ ಕಾಲದ ನಾಟಕ ಕಂಪನಿಗಳಲ್ಲಿ ಇನ್ನೊಬ್ಬಳಿರಲಿಲ್ಲ ಎಂದು ಈಗಲೂ ಜಂಬದಿಂದ ಹೇಳಿಕೊಳ್ಳುತ್ತೇನೆ. ಕಣ್ಣು ಅರೆ ತೆರೆದು ರೆಪ್ಪೆ ಹೊಡೆಯದೆ ಮಲಗುವುದು, ಎದೆ ಅಲುಗದಂತೆ ಉಸಿರನ್ನು ಹೊಟ್ಟೆಯ ತಳಕ್ಕಿಳಿಸುವುದು, ತಾಯಿಯ ಪಾತ್ರದಾಕೆ ಎತ್ತಿದಾಗ ಕೈ ತಾನಾಗಿ ಜಾರಲು ಬಿಡುವುದು, ಇವೆಲ್ಲ ನನಗೆ ಅಕ್ಷರಕ್ಕಿಂತ ಮೊದಲೇ ಬಂದ ವಿದ್ಯೆಗಳು. ಹೆತ್ತವರು ಯಾರೋ ನನಗೆ ಗೊತ್ತಿಲ್ಲ. ಕಂಪನಿ ಯಾವುದೋ ಊರಿನಲ್ಲಿ ಮೊಕ್ಕಾಂ ಮಾಡಿದ್ದಾಗ ಅಡುಗೆ ಮನೆಯ ಹಿಂದೆ ಬಿಟ್ಟುಹೋಗಿದ್ದರಂತೆ. ಅಡುಗೆಯ ಮುದುಕಿಯೇ ಸಾಕಿದಳು. ಅಜ್ಜಿ ಸಾಕಿದ ಮಗ ಬೊಜ್ಜಕ್ಕೂ ಬಾರ ಎನ್ನುತ್ತಾರೆ, ಸತ್ತವರ ತಿಥಿಗೂ ಆಗಿಬರುವುದಿಲ್ಲವೆಂದು. ನಾನು ಸಾಯಲಿಕ್ಕಾದರೂ ಬಂದೆ.

ಐವತ್ತರ ದಶಕದ ನಡುವೆ ನಮ್ಮ ಕಂಪನಿ ಶಿವಮೊಗ್ಗದಲ್ಲಿ ತಗಡಿನ ಥಿಯೇಟರು ಕಟ್ಟಿ ತಿಂಗಳುಗಟ್ಟಲೆ ಕೂತಿತ್ತು. ಆಗ ಆಡುತ್ತಿದ್ದ ನಾಟಕದಲ್ಲಿ ಬಡ ವಿಧವೆಯೊಬ್ಬಳ ಮಗಳು ಜ್ವರ ಬಂದು ತಾಯಿಯ ತೊಡೆಯ ಮೇಲೆ ಸಾಯುತ್ತಾಳೆ. ಕಥೆ ಅಷ್ಟೇ. ಮಿಕ್ಕಿದ್ದೆಲ್ಲ ಹಾಸ್ಯಗಾರನ ದಯೆ. ಭಾನುವಾರ ಮಧ್ಯಾಹ್ನ ಹೆಂಗಸರಿಗೆಂದೇ ಒಂದು ಆಟ ಇರುತ್ತಿತ್ತು. ಸಾಯುವ ಮೊದಲು ನಾನು ಹೇಳಬೇಕಾದ ಕೊನೆಯ ಮಾತು ಪುಸ್ತಕದಲ್ಲಿ ಹೀಗಿತ್ತು: ‘ಹೋಗುತ್ತೇನಮ್ಮಾ, ಇನ್ನು ಬಾಗಿಲು ಹಾಕಿಕೋ.’

ಆದರೆ ನಮ್ಮ ಮುದುಕಿ ನನಗೆ ಕಲಿಸಿದ್ದೇ ಬೇರೆ. ಬಚ್ಚಲಿಗೆ ಹೊರಟರೂ ಸರಿ, ನಾನು ‘ಹೋಗ್ತೀನಿ’ ಎಂದರೆ ಸೌಟಿನಲ್ಲಿ ಬಾರಿಸುತ್ತಿದ್ದಳು. ‘ಹೋಗ್ತೀನಿ ಅನ್ಬಾರ್ದು ಮಾರಾಯ್ತಿ, ಬರ್ತೀನಿ ಅನ್ಬೇಕು. ಹೋಗ್ತೀನಿ ಅಂತ ಹೋಗೋದು ಹೆಣ ಮಾತ್ರ.’ ಒಂದು ಭಾನುವಾರ ಆ ಸೌಟಿನ ಭಯ ಪುಸ್ತಕದ ಮಾತನ್ನು ನುಂಗಿಹಾಕಿತು. ತೊಡೆಯ ಮೇಲೆ ಮಲಗಿ, ‘ಬರ್ತೀನಮ್ಮಾ’ ಎಂದು ಕಣ್ಣು ತೇಲಿಸಿಬಿಟ್ಟೆ. ಥಿಯೇಟರಿನಲ್ಲಿ ಎದ್ದ ಗೋಳು ನಿಲ್ಲಲೇ ಇಲ್ಲ. ಪರದೆ ಬಿದ್ದ ಮೇಲೆ ಮೇನೇಜರು ಮೊದಲು ಕೆನ್ನೆಗೊಂದು ಕೊಟ್ಟರು, ಆಮೇಲೆ ಬೆಲ್ಲ ಕೊಟ್ಟರು. ‘ಇನ್ಮೇಲೆ ಹಂಗೇ ಹೇಳು’ ಎಂದರು.

ಆ ದಿನ ಇನ್ನೊಂದಾಯಿತು. ಹೆಣವಾಗಿ ಬಿದ್ದಿದ್ದ ನನ್ನ ಅರೆಗಣ್ಣಿಗೆ ಒಬ್ಬ ಹೆಂಗಸು ಕಂಡಳು. ಎಲ್ಲರೂ ಎದೆ ಬಡಿದುಕೊಂಡು ಅಳುತ್ತಿರುವಾಗ ಆಕೆ ಎದ್ದು ರಂಗದ ಅಂಚಿಗೆ ಬಂದಳು. ತುಂಬು ಬಸುರಿ, ಹಣೆಯ ಮೇಲೆ ಮೂರು ಬೆರಳಿನ ವಿಭೂತಿ. ಅಳುತ್ತಿರಲಿಲ್ಲ. ನನ್ನನ್ನೇ ನೋಡಿ ಮೆಲ್ಲಗೆ ತಲೆಯಾಡಿಸಿ, ‘ಹೂಂ, ಬಾ’ ಎಂದಳು. ಹೆಣಕ್ಕೆ ನಡುಕ ಬರಬಾರದು. ನನಗೆ ಬಂತು.

ಕೆಲವು ವರ್ಷಕ್ಕೆ ಕಂಪನಿ ಮುಚ್ಚಿತು. ನಿವೃತ್ತ ಸ್ಕೂಲ್ ಮೇಡಂ ಒಬ್ಬರು ಶಿವಮೊಗ್ಗದಲ್ಲಿ ನಡೆಸುತ್ತಿದ್ದ ಮಹಿಳಾ ಸಮಾಜಕ್ಕೆ ಮುದುಕಿ ಅಡುಗೆಗೆ ಸೇರಿದಳು, ನಾನು ಅವಳ ಸೆರಗು ಹಿಡಿದು ಹೋದೆ. ಮೇಡಂ ನನಗೆ ಅಕ್ಷರ ಕಲಿಸಿದರು, ಪರೀಕ್ಷೆ ಕಟ್ಟಿಸಿದರು, ಕೊನೆಗೆ ಸಮಾಜದ ಕೆಲಸಕ್ಕೇ ಹಾಕಿಕೊಂಡರು. ನಾಟಕದವಳು ಎಂದು ಯಾರಿಗೂ ಹೇಳಬೇಡ ಎಂದರು. ಹೇಳಿದರೆ ಗೃಹಸ್ಥರ ಮನೆಯ ಹೊಸಿಲು ದಾಟಿಸುವುದಿಲ್ಲ ಎಂದು ನನಗೂ ಗೊತ್ತಿತ್ತು. ಬಾಯಿ ಮುಚ್ಚಿಕೊಂಡೆ.

ನನ್ನ ಪಾಲಿಗೆ ಬಂದದ್ದು ಭದ್ರಾವತಿಯಲ್ಲಿ ಕಾರ್ಖಾನೆಯ ಹಿಂದಿನ ಸಾಲುಮನೆಗಳು. ಮಕ್ಕಳಿಗೆ ಹಾಲಿನ ಪುಡಿ, ಬಸುರಿಯರಿಗೆ ಬುದ್ಧಿಮಾತು, ಚುಚ್ಚುಮದ್ದು ಹಾಕಿಸಿಕೊಳ್ಳಿ ಎಂದು ದುಂಬಾಲು ಬೀಳುವುದು, ಇದು ಕೆಲಸ. ಹೆಂಗಸರು ಕೈಗೆ ಸಿಗುತ್ತಿದ್ದದ್ದು ಮಟಮಟ ಮಧ್ಯಾಹ್ನ. ದೆವ್ವ ತಿರುಗಾಡುವ ಹೊತ್ತೂ ಅದೇ ಎಂದು ಅವರ ನಂಬಿಕೆ. ಹೊರಗಿನಿಂದ ಯಾರು ಕರೆದರೂ ಒಂದನೆಯ ಕೂಗಿಗೆ, ಎರಡನೆಯ ಕೂಗಿಗೆ ಓಗೊಡುತ್ತಿರಲಿಲ್ಲ. ಮೂರನೆಯ ಸಲ ಕರೆಯುವ ಶಕ್ತಿ ದೆವ್ವಕ್ಕಿಲ್ಲವಂತೆ. ತಮಿಳರ ಮನೆ, ತೆಲುಗರ ಮನೆ, ನಮ್ಮವರ ಮನೆ, ಬೇರೆಲ್ಲದರಲ್ಲೂ ಜಗಳವಾಡುವವರು ಈ ಒಂದು ವಿಷಯದಲ್ಲಿ ಒಂದೇ ಮತ. ಮೂರು ಮೂರು ಸಲ ಕೂಗಿ ಸಂಜೆಗೆ ನನ್ನ ಗಂಟಲು ಬಿದ್ದುಹೋಗುತ್ತಿತ್ತು.

ಸಾಲಿನ ಕೊನೆಯ ಮನೆಯ ಬಾಗಿಲು ಮಾತ್ರ ಹಾರುಹೊಡೆದಿತ್ತು. ಮುಂದೆ ನಿಂತು ‘ಅಮ್ಮಾ’ ಎಂದೆ, ಒಂದೇ ಸಲ.

‘ಬಂದ್ಯಾ ಮಗಾ’ ಎಂದು ಒಳಗಿನಿಂದ ಉತ್ತರ ಬಂತು.

ನಲವತ್ತು ದಾಟಿದ ಹೆಂಗಸೊಬ್ಬಳು ಚೊಂಬಿನಲ್ಲಿ ನೀರು ತಂದು, ನಾನು ಬೇಡ ಬೇಡ ಎನ್ನುವುದರೊಳಗೆ ಬಗ್ಗಿ ನನ್ನ ಪಾದ ತೊಳೆಯತೊಡಗಿದಳು. ಆ ಬೀದಿಗಳಲ್ಲಿ ಕಬ್ಬಿಣದ ಕೆಂಪು ಧೂಳು ಹಿಮ್ಮಡಿವರೆಗೆ ಮೆತ್ತುತ್ತಿತ್ತು. ಬೆರಳ ಸಂದಿಯ ಧೂಳನ್ನೆಲ್ಲ ಉಜ್ಜಿ ಉಜ್ಜಿ ತೆಗೆದು, ‘ಎಷ್ಟು ಮಣ್ಣೇ ಇದು. ಅಷ್ಟು ದೂರದಿಂದ ಒಬ್ಳೇ ನಡ್ಕೊಂಡು ಬಂದ್ಯಾ?’ ಎಂದಳು.

‘ಇಲ್ಲಮ್ಮ, ಬಸ್ಸಲ್ಲಿ ಬಂದೆ. ನಾನು ಮಹಿಳಾ ಸಮಾಜದವಳು, ಮಕ್ಕಳ ವಿಷಯ ಮಾತಾಡೋಕೆ...’

‘ಆಯ್ತು, ಆಯ್ತು. ಮೊದ್ಲು ಉಣ್ಣು.’

ಒಳಗೆ ತಟ್ಟೆ ಹಾಕಿತ್ತು. ಬಡಿಸಿಯೂ ಆಗಿತ್ತು. ಮುದ್ದೆಯಿಂದ ಇನ್ನೂ ಹಬೆ ಏಳುತ್ತಿತ್ತು. ನಾನು ಆ ಮನೆಗೆ ಬರುತ್ತೇನೆಂದು ನನಗೇ ಬೆಳಿಗ್ಗೆ ಗೊತ್ತಿರಲಿಲ್ಲ. ಗೋಡೆಯ ಪಕ್ಕ ಒಂಬತ್ತು ವರ್ಷದ ಹುಡುಗಿಯೊಬ್ಬಳು ಕೂತಿದ್ದಳು. ಅವಳು ನನ್ನ ಮುಖ ನೋಡಲಿಲ್ಲ, ತಟ್ಟೆಯನ್ನು ನೋಡುತ್ತಿದ್ದಳು.

ಎದ್ದು ಬರಬೇಕಿತ್ತು. ಬರಲಿಲ್ಲ. ಹಸಿವಾಗಿತ್ತು ಎಂದು ನೆಪ ಹೇಳಬಹುದು, ಆದರೆ ನಿಜ ಅದಲ್ಲ. ಹತ್ತೊಂಬತ್ತು ವರ್ಷಗಳಲ್ಲಿ ನನ್ನನ್ನು ಯಾರೂ ‘ಬಂದ್ಯಾ’ ಎಂದು ಕೇಳಿರಲಿಲ್ಲ. ಮುದುಕಿ ಕೇಳುತ್ತಿದ್ದದ್ದು ‘ಎಲ್ಲಿ ಹಾಳಾಗಿ ಹೋಗಿದ್ದೆ’ ಎಂದು. ಕೂತು ಉಂಡೆ. ಹೊರಡುವಾಗ ಅಭ್ಯಾಸದಂತೆ ‘ಬರ್ತೀನಮ್ಮಾ’ ಎಂದೆ. ಆಕೆ ಹೊಸಿಲಲ್ಲಿ ನಿಂತು ಮೆಲ್ಲಗೆ ತಲೆಯಾಡಿಸಿದಳು.

‘ಹೂಂ, ಬಾ.’

ಆ ತಲೆಯಾಡಿಸುವಿಕೆಯನ್ನು ನಾನು ಹೆಣವಾಗಿ ಮಲಗಿ ನೋಡಿದ್ದೆ.

ಬೀದಿ ನಲ್ಲಿಯ ಹತ್ತಿರ ಅವಳ ಗಂಡ ನನ್ನನ್ನು ತಡೆದ. ಶಿಫ್ಟು ಮುಗಿಸಿ ಬರುತ್ತಿದ್ದ, ಹುಬ್ಬಿನ ಮೇಲೂ ಕೆಂಪು ಧೂಳು. ‘ನಮ್ಮನೆಗೆ ಹೋಗಿದ್ರಾ ಮೇಡಂ? ಉಂಡ್ರಾ?’ ಎಂದು ಕೇಳಿ, ನೆಲ ನೋಡುತ್ತ ಎಲ್ಲ ಹೇಳಿದ. ಚಿಕ್ಕವಳು ಹೊಟ್ಟೆಯಲ್ಲಿದ್ದಾಗ ದೊಡ್ಡ ಮಗಳಿಗೆ ಹತ್ತು ವರ್ಷ. ಗಂಟಲಮಾರಿ ಬಂತು. ಇವನೊಬ್ಬನೇ ಶಿವಮೊಗ್ಗದ ದೊಡ್ಡಾಸ್ಪತ್ರೆಗೆ ಎತ್ತಿಕೊಂಡು ಹೋದ. ಮಗು ಉಳಿಯಲಿಲ್ಲ. ಅಲ್ಲೇ ಮಣ್ಣು ಮಾಡಿ ಬರಿಗೈಯಲ್ಲಿ ಬಂದ. ಹೆಂಡತಿಗೆ ಮುಖ ನೋಡುವುದಕ್ಕೂ ಸಿಗಲಿಲ್ಲ. ಮನಸ್ಸು ಹಗುರಾಗಲಿ ಎಂದು ಅವಳ ಅಕ್ಕ ಶಿವಮೊಗ್ಗಕ್ಕೆ ಕರೆದುಕೊಂಡು ಹೋಗಿ ಭಾನುವಾರದ ಆಟ ತೋರಿಸಿದಳು.

‘ನಾಟಕದಲ್ಲಿ ಮಗು ಬರ್ತೀನಿ ಅಂದ್ಲಂತೆ. ಅವತ್ತಿಂದ ಕಾಯ್ತಾ ಇದ್ದಾಳೆ. ಚಿಕ್ಕೋಳು ಹುಟ್ಟಿದಾಗ, ಇವಳೇ ಬಂದವಳು ಅಂದ್ಕೊಳ್ಳೇ ಅಂದೆ. ಇಲ್ಲ, ಅವಳು ನಡ್ಕೊಂಡು ಬರ್ತಾಳೆ ಅಂದ್ಲು. ಬಾಗ್ಲು ಹಾಕಲ್ಲ, ಮನೆ ಬಿಟ್ಟು ಕದಲಲ್ಲ. ದಿನಾ ಒಂದು ತಟ್ಟೆ ಜಾಸ್ತಿ. ಬಂದವರಿಗೆಲ್ಲ ಹೀಗೆ ಉಣ್ಸಲ್ಲ ಮೇಡಂ, ನಿಮ್ಮ ದನೀಲಿ ಏನೋ ಕೇಳ್ಸಿರ್ಬೇಕು. ಆಗಾಗ ಬಂದು ಹೋಗಿ. ನೀವು ಉಂಡ್ರೆ ಅವಳೂ ಉಣ್ತಾಳೆ.’

ಆ ನಾಟಕದ ಮಗು ನಾನೇ ಎಂದು ಹೇಳಲು ಬಾಯಿ ಬರಲಿಲ್ಲ. ಮೇಡಂ ಹೇಳಬೇಡ ಎಂದಿದ್ದರಲ್ಲ, ಅದನ್ನೇ ಗುರಾಣಿ ಮಾಡಿಕೊಂಡೆ.

ವಾರಕ್ಕೊಮ್ಮೆ ಹೋಗತೊಡಗಿದೆ. ಆಮೇಲೆ ವಾರಕ್ಕೆರಡು ಸಲ. ಆಕೆ ನನ್ನ ತಲೆ ಬಾಚುತ್ತಿದ್ದಳು, ಬೈತಲೆಯನ್ನು ಎಡಕ್ಕೆ ಸರಿಸಿ. ಒಂದು ದಿನ ಯಾವುದೋ ಮಾತಿಗೆ ನಾನು ಸುಳ್ಳು ಹೇಳಿದಾಗ, ‘ಸುಳ್ಳು ಹೇಳೋವಾಗ ಕಿವಿ ಮುಟ್ಕೊಳ್ಳೋದು ಇನ್ನೂ ಬಿಟ್ಟಿಲ್ವೇನೆ’ ಎಂದು ನಕ್ಕಳು. ನೋಡಿದರೆ ನನ್ನ ಕೈ ಕಿವಿಯ ಮೇಲಿತ್ತು. ಅದು ನನ್ನ ಅಭ್ಯಾಸವೋ, ಅಲ್ಲಿಗೆ ಹೋಗಿ ಹೋಗಿ ಅಂಟಿದ್ದೋ ನನಗೆ ಇಂದಿಗೂ ಗೊತ್ತಿಲ್ಲ. ಶಿವಮೊಗ್ಗದಲ್ಲಿ ಕನ್ನಡಿಯ ಮುಂದೆ ನಿಂತರೂ ಬೈತಲೆ ಈಗ ತಾನಾಗಿ ಎಡಕ್ಕೇ ಬೀಳುತ್ತಿತ್ತು. ಹೆದರಿಕೆಯಾಗುತ್ತಿತ್ತು. ಆದರೂ ಹೋಗುತ್ತಿದ್ದೆ. ಯಾವಾಗ ‘ಅಮ್ಮ’ ಬಿಟ್ಟು ‘ಅವ್ವ’ ಎನ್ನತೊಡಗಿದೆನೋ ನೆನಪಿಲ್ಲ.

ಚಿಕ್ಕವಳು ಮಾತ್ರ ನನ್ನ ಹತ್ತಿರ ಸುಳಿಯುತ್ತಿರಲಿಲ್ಲ. ಒಂದು ದಿನ ಅವ್ವ ಹಿತ್ತಲಿಗೆ ಹೋದಾಗ ಮೆಲ್ಲಗೆ ಬಂದು ಕೇಳಿದಳು. ‘ಅಕ್ಕಾ, ಸತ್ತೋರಿಗೆ ಹಸಿವಾಗುತ್ತಾ?’

‘ಇಲ್ಲ ಪುಟ್ಟಿ.’

‘ಮತ್ತೆ ನೀನ್ಯಾಕೆ ನನ್ನ ಊಟ ಉಣ್ತೀಯ? ನೀನು ಬರೋಕೆ ಮುಂಚೆ ಆ ತಟ್ಟೇದು ನನಗೇ ಸಿಗ್ತಿತ್ತು.’

ಮಕ್ಕಳ ಆರೋಗ್ಯ ನೋಡುವ ಕೆಲಸಕ್ಕೆ ಸಂಬಳ ತೆಗೆದುಕೊಳ್ಳುತ್ತಿದ್ದವಳು ನಾನು. ಆ ಹುಡುಗಿಯ ತೋಳು ಕಡ್ಡಿಯಾಗಿದ್ದು ಅಷ್ಟು ದಿನ ನನ್ನ ಕಣ್ಣಿಗೆ ಬಿದ್ದಿರಲಿಲ್ಲ. ನನಗೆ ಇಂದಿಗೂ ನಾಚಿಕೆಯ ವಿಷಯ ಅದು.

ಮುಂದಿನ ಸಲ ಹೋದಾಗ ಹುಡುಗಿ ಚಾಪೆಯ ಮೇಲಿದ್ದಳು. ಮೈ ಕಾದ ಹೆಂಚು. ಕತ್ತು ಎರಡೂ ಕಡೆ ಊದಿತ್ತು, ಉಸಿರೆಳೆದಾಗ ಗರಗಸ ಎಳೆದ ಹಾಗೆ ಸದ್ದು. ಬಾಯಿ ತೆರೆಸಿ ನೋಡಿದೆ, ಗಂಟಲಲ್ಲಿ ಬಿಳಿ ಪೊರೆ. ಓಡಿಹೋಗಿ ಡಾಕ್ಟರನ್ನು ಕರೆತಂದೆ. ಅವರು ನೋಡಿ, ಇದಕ್ಕೆ ಬೇಕಾದ ಇಂಜೆಕ್ಷನ್ ತಮ್ಮಲ್ಲಿ ಮುಗಿದಿದೆ, ಶಿವಮೊಗ್ಗಕ್ಕೆ ಹೊರಡಿ, ಸಂಜೆಯವರೆಗೆ ಕಾದರೆ ಕಷ್ಟ ಎಂದು ಹೇಳಿ ಹೋದರು. ಗಂಡ ಕುಲುಮೆಯ ಹತ್ತಿರ ಕೆಲಸದಲ್ಲಿದ್ದ, ಶಿಫ್ಟು ಬಿಡಲು ಇನ್ನೂ ಮೂರು ಗಂಟೆ.

ಅವ್ವ ಮಗುವನ್ನು ಅವುಚಿಕೊಂಡು ಕೂತಿದ್ದಳು. ‘ನಾನು ಬರಲ್ಲ. ಇವಳನ್ನ ಒಬ್ಳನ್ನೇ ಕಳ್ಸೋದೂ ಇಲ್ಲ. ದೊಡ್ಡೋಳನ್ನ ಕಳ್ಸಿದ್ದು ಸಾಕು.’

‘ಅದಕ್ಕೇ ಅವ್ವ, ನೀನೂ ನಡಿ.’

‘ನಾನು ಬಂದ್ರೆ ಮನೇಲಿ ಯಾರಿರ್ತಾರೆ? ನೀನು ಬಂದಾಗ ಯಾರೂ ಇಲ್ದೆ ವಾಪಸ್ ಹೋಗ್ಬೇಕಾ?’

‘ನಾನು ಬಂದಿದ್ದೀನಲ್ಲವ್ವ. ಇಲ್ಲೇ ಇದ್ದೀನಲ್ಲ.’

ಆಕೆ ಹುಚ್ಚಿಯ ಹಾಗೆ ನೋಡಲಿಲ್ಲ. ಬಹಳ ತಾಳ್ಮೆಯಿಂದ, ದಡ್ಡ ಮಗಳಿಗೆ ತಿಳಿಹೇಳುವಂತೆ ಹೇಳಿದಳು. ‘ಈಗ ಬಂದಿದ್ದೀಯ. ಹೋಗೋವಾಗ ಮತ್ತೆ ಬರ್ತೀನಿ ಅಂತೀಯಲ್ಲೇ. ಅಂದ್ಮೇಲೆ ನಾನು ಕಾಯ್ಬೇಕಲ್ಲ.’

ಆಗ ನನಗೆ ಅರ್ಥವಾಯಿತು. ಅವಳನ್ನು ಆ ಹೊಸಿಲಿಗೆ ಕಟ್ಟಿಹಾಕಿದ್ದು ಸತ್ತ ಮಗಳಲ್ಲ, ನಾನು. ಒಂಬತ್ತು ವರ್ಷದ ಹಿಂದೆ ಒಂದು ಸಲ ಗಂಟು ಹಾಕಿದ್ದೆ, ಈಗ ವಾರಕ್ಕೆರಡು ಸಲ ಬಂದು ಬಿಗಿಮಾಡಿ ಹೋಗುತ್ತಿದ್ದೆ. ಅದನ್ನು ಬಿಚ್ಚುವ ಮಾತು ಒಂದೇ ಒಂದು ಇತ್ತು, ಅದನ್ನು ನಾನು ಆ ಭಾನುವಾರದ ಆಟದಿಂದ ಈಚೆಗೆ ಆಡಿರಲಿಲ್ಲ. ಆಡಿದರೆ ಈ ಮನೆಯಲ್ಲಿ ನನಗೆ ‘ಬಂದ್ಯಾ’ ಎನ್ನುವವರು ಇರುವುದಿಲ್ಲ ಎಂದೂ ಗೊತ್ತಿತ್ತು. ಮಗುವಿನ ಗಂಟಲು ಮತ್ತೆ ಕರ್ರೆಂದಿತು.

ಎದ್ದು ಹೊಸಿಲಾಚೆ ನಿಂತೆ.

‘ಹೋಗ್ತೀನಿ ಅವ್ವಾ. ಬಾಗ್ಲು ಹಾಕ್ಕೋ.’

ಬಾಯಿಂದ ಬಂದದ್ದು ಹತ್ತೊಂಬತ್ತರ ಹುಡುಗಿಯ ದನಿಯಲ್ಲ. ಹತ್ತು ವರ್ಷದ ಮಗುವಿನದು. ಬೇಕೆಂದು ಹಾಗೆ ಆಡಿದೆನೆಂದು ಎದೆ ಮುಟ್ಟಿ ಹೇಳಲಾರೆ. ಈ ಸಲ ಅವ್ವ ತಲೆಯಾಡಿಸಲಿಲ್ಲ. ‘ಹೋಗ್ತೀಯಾ’ ಎಂದಳು. ‘ಹೂಂ’ ಎಂದೆ. ಮತ್ತೇನೂ ಕೇಳದೆ ಮಗುವನ್ನು ಹೆಗಲಿಗೆ ಹಾಕಿಕೊಂಡು ಹೊರಗೆ ಬಂದಳು.

ಒಂಬತ್ತು ವರ್ಷ ಹಾಕದ ಬಾಗಿಲು ಕುಸಿದು ನೆಲಕ್ಕೆ ಕಚ್ಚಿಕೊಂಡಿತ್ತು. ಆಕೆ ಒಂದು ಕೈಯಲ್ಲಿ, ನಾನು ಎರಡು ಕೈಯಲ್ಲಿ, ಹಲ್ಲು ಕಚ್ಚಿ ಎಳೆದರೂ ಜಗ್ಗಲಿಲ್ಲ. ಸಾಕು ಬಿಡು ಎಂದು ನಾವು ಕೈ ತೆಗೆದ ಮೇಲೆ ಅದು ಹಗುರವಾಗಿ ತಿರುಗಿ ಬಂದು ಚೌಕಟ್ಟಿಗೆ ಕೂತಿತು. ಒಳಗೆ ಅಗುಳಿ ಬಿದ್ದ ಸದ್ದು ಇಬ್ಬರಿಗೂ ಕೇಳಿಸಿತು. ಗಾಳಿ ಇರಲಿಲ್ಲ. ಒಳಗೆ ಯಾರೂ ಇರಲಿಲ್ಲ. ನಾವು ಒಬ್ಬರ ಮುಖ ಒಬ್ಬರು ನೋಡದೆ ಬಸ್ಸಿನ ಕಡೆ ಓಡಿದೆವು.

ದೊಡ್ಡಾಸ್ಪತ್ರೆಯಲ್ಲಿ ಎರಡು ದಿನ ಏನೂ ಹೇಳುವಂತಿರಲಿಲ್ಲ. ನನಗೆ ಒಳಗೆ ಹೋಗುವ ಧೈರ್ಯ ಬರಲಿಲ್ಲ, ಬಾಗಿಲ ಹೊರಗೆ ಬೆಂಚಿನ ಮೇಲೆ ಕೂತಿದ್ದೆ. ಗಂಡ ಬಂದು ಹೋಗಿ ಮಾಡುತ್ತಿದ್ದ. ಮೂರನೆಯ ದಿನ ಮಧ್ಯಾಹ್ನ ಊತ ಇಳಿದಿದೆ ಎಂದು ಅವನೇ ಹೇಳಿದ. ಆಗ ಹೋದೆ. ಹುಡುಗಿ ಒರಗಿ ಕೂತಿದ್ದಳು. ತಾಯಿ ಗಂಜಿ ಕುಡಿಸುತ್ತಿದ್ದಳು, ಪ್ರತಿ ಚಮಚವನ್ನೂ ಊದಿ ಊದಿ.

ನರ್ಸು ಕಾಗದ ಹಿಡಿದು ಬಂದು, ನನ್ನ ಕಡೆ ಪೆನ್ನು ತೋರಿಸಿ ತಾಯಿಯನ್ನು ಕೇಳಿದರು. ‘ಇವ್ರು ನಿಮಗೆ ಏನಾಗ್ಬೇಕು?’

ಆಕೆ ಚಮಚ ಕೆಳಗಿಟ್ಟು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಕಣ್ಣಲ್ಲಿ ಗುರುತಿನ ಒಂದು ಎಳೆಯೂ ಇರಲಿಲ್ಲ.

‘ನಮಗೇನೂ ಆಗ್ಬೇಕಿಲ್ಲ ಸಿಸ್ಟರ್. ಯಾರೋ ಪುಣ್ಯಾತ್ಗಿತ್ತಿ, ಮಗೂನ ಬಸ್ಸು ಹತ್ತಿಸ್ಕೊಂಡು ಬಂದ್ರು.’

‘ಮಕ್ಕಳೆಷ್ಟು?’

‘ಇವಳೊಬ್ಳೇ. ದೊಡ್ಡೋಳು ಹೋದ್ಲು.’

ಮಗು ಬದುಕಿತ್ತು, ನಾನು ಸಂತೋಷಪಡಬೇಕಿತ್ತು. ನನಗೆ ಬಂದದ್ದು ಹೊಟ್ಟೆಕಿಚ್ಚು, ಆ ಒಂಬತ್ತು ವರ್ಷದ ಹುಡುಗಿಯ ಮೇಲೆ. ತಿರುಗಿ ಹೊರಟೆ. ಆಕೆಗೆ ಏನನ್ನಿಸಿತೋ, ಹಿಂದಿನಿಂದ ಕೇಳಿದಳು.

‘ನಿಮ್ದು ಊಟ ಆಯ್ತಾ ಅಮ್ಮ?’

‘ಆಯ್ತು’ ಎಂದೆ. ಆಗಿರಲಿಲ್ಲ.