ಕೆಂಡದಲ್ಲಿಟ್ಟ ಇಡೀ ಕುಂಬಳ

ಬಿಸಿಲೂರು ಶಹಾಪುರದಲ್ಲೂ ಚಳಿಯಾ ಅಂತ ನಗುವವರು ಪುಷ್ಯ ಮಾಸದ ಒಂದು ಬೆಳಗ್ಗೆ ನಮ್ಮ ಹಿತ್ತಲಿಗೆ ಬರಬೇಕು. ನೀರು ಕಾಯಿಸುವ ಒಲೆ ಬಿಟ್ಟು ಏಳಲು ಮನಸ್ಸೇ ಆಗುವುದಿಲ್ಲ. ಆ ಚಳಿಗೆ ಸುಟ್ಟ ಸಿಹಿಗುಂಬಳದಂಥ ತಿನಿಸು ಇನ್ನೊಂದಿಲ್ಲ, ನಾನು ಬರೆದುಕೊಡುತ್ತೇನೆ! ಕಲಿತದ್ದು ಫೋನಿನ ವಿಡಿಯೊ ನೋಡಿ. ಅವರದು ಓವನ್, ನಮ್ಮದು ಒಲೆ. ತೊಗರಿ ಕಟ್ಟಿಗೆ ಬೇಗ ಬೂದಿಯಾಗುತ್ತದೆ, ಅದಕ್ಕೆ ಜಾಲಿ ಕಟ್ಟಿಗೆಯ ಕೆಂಡವೇ ಬೇಕು. ಅಪ್ಪ ಕಾಯಿಯನ್ನು ಎರಡು ಹೋಳು ಮಾಡಿಕೊಡುತ್ತಿದ್ದ. ನಾನು ಬೀಜ ತೆಗೆದು, ಎಣ್ಣೆ, ಉಪ್ಪು, ಕೆಂಪು ಖಾರ ಸವರಿ ಸುಡುತ್ತಿದ್ದೆ.

ಕಳೆದ ಚಳಿಗಾಲದಲ್ಲಿ ಅದನ್ನು ಬೇಡಿದ್ದು ಅಕ್ಕ. ಏಳು ತಿಂಗಳ ಬಸುರಿ, ಹೆರಿಗೆಗೆ ತವರಿಗೆ ಬಂದಿದ್ದಳು. ಅವಳ ಮೊದಲ ಕೂಸು ಇದೇ ಏಳನೇ ತಿಂಗಳಲ್ಲಿ ಹೊಟ್ಟೆಯಲ್ಲೇ ಹೋಗಿತ್ತು. ಮನೆಯಲ್ಲಿ ಯಾರೂ ಆ ಮಾತೆತ್ತುತ್ತಿರಲಿಲ್ಲ. ಆದರೆ ಅವಳು ಕೆಮ್ಮಿದರೂ ಎಲ್ಲರೂ ತಿರುಗಿ ನೋಡುತ್ತಿದ್ದೆವು.

ಅಪ್ಪ, ಅವ್ವ ತೊಗರಿ ಕೊಯ್ಯಲು ಹೊಲಕ್ಕೆ ಹೋಗಿದ್ದರು. ನಾನು ಚಾಕು ತಂದದ್ದೇ ತಡ, ಆಯಿ, ಅಂದರೆ ನಮ್ಮ ಅಜ್ಜಿ, ಕೈ ಹಿಡಿದಳು.

"ಏ ಹುಚ್ಚಿ! ಗಂಡಸರಿಲ್ಲದ ಮನ್ಯಾಗ ಇಡೀ ಕುಂಬಳಕಾಯಿಗೆ ಹೆಣ್ಮಕ್ಕಳು ಚಾಕು ಹಾಕ್ತಾರೇನು? ಅದೂ ಬಸುರಿ ಮುಂದ?"

"ಹಂಗಾರ ಇಡೀದು ಸುಡ್ತೀನಿ, ಆಯಿ."

"ಸುಡು. ಸುಡಾಕ ದೋಷಿಲ್ಲ."

ಅಕ್ಕ ಒಲೆಯ ಪಕ್ಕ ಮಣೆ ಎಳೆದುಕೊಂಡು ಕೂತಳು. "ಫೋನ್ ನೋಡಿ ಕಲ್ತ ಅಡಗಿ. ಕಾಯಿ ಸುಡ್ತಾಳೋ ಮನಿ ಸುಡ್ತಾಳೋ ನೋಡೂಣು."

ಕಾಯಿಯನ್ನು ಕೆಂಡದಲ್ಲಿ ಹೂತು, ಇಕ್ಕಳದಿಂದ ಆಗಾಗ ಹೊರಳಿಸುತ್ತಾ ಕೂತೆ. ಸಿಪ್ಪೆ ಕಪ್ಪಾಯಿತು, ವಾಸನೆ ಹಿತ್ತಲು ತುಂಬಿತು. ಆಮೇಲೆ ಒಳಗಿನಿಂದ ಒಂದು ಸದ್ದು ಶುರುವಾಯಿತು. ಸಣ್ಣಗೆ, ಕುದಿಯುವ ಪಾತ್ರೆಗೆ ಮುಚ್ಚಳ ಒತ್ತಿ ಹಿಡಿದ ಹಾಗೆ. ನನಗೆ ಬದನೆಕಾಯಿ ನೆನಪಾಯಿತು. ಬದನೆಕಾಯಿ ಸುಡುವಾಗ ಮೊದಲು ಚುಚ್ಚುತ್ತೇವೆ, ಇಲ್ಲದಿದ್ದರೆ ಪಟ್ಟೆಂದು ಸಿಡಿಯುತ್ತದೆ. ಇದು ಬದನೆಕಾಯಿಯಲ್ಲ, ಕೊಡದಷ್ಟು ದಪ್ಪ. ಅಕ್ಕನ ಹೊಟ್ಟೆ ಒಲೆಯಿಂದ ಮೊಳ ದೂರದಲ್ಲಿತ್ತು.

"ಅಕ್ಕಾ, ಒಳಗ ನಡಿ."

"ಯಾಕ? ಬೆಚ್ಚಗೈತಿ."

"ಇದು ಸಿಡೀತೈತಿ! ಆಯಿ, ಒಂದು ತೂತಾರ ಮಾಡ್ತೀನಿ."

"ಚುಚ್ಚೋದೂ ಒಂದ, ಕೊಯ್ಯೋದೂ ಒಂದ. ಬ್ಯಾಡಂದ್ರ ಬ್ಯಾಡ," ಅಂದಳು ಆಯಿ. ಅವಳ ಕಣ್ಣು ಅಕ್ಕನ ಹೊಟ್ಟೆಯ ಮೇಲೇ ಇತ್ತು.

ನನಗೆ ಇಂಥದ್ದರಲ್ಲೆಲ್ಲ ನಂಬಿಕೆ ಇಲ್ಲ. ಆದರೂ ಒಲೆ ಕೆದಕುವ ಕಬ್ಬಿಣದ ಸರಳು ಹಿಡಿದ ಕೈ ಮುಂದೆ ಹೋಗಲಿಲ್ಲ. ಚುಚ್ಚಿದ ಮೇಲೆ ಏನಾದರೂ ಆದರೆ? ಚುಚ್ಚದೆ ಇದ್ದು ಏನಾದರೂ ಆದರೆ? ಸದ್ದು ಜೋರಾಯಿತು. ಸಿಪ್ಪೆಯ ಒಂದು ಕಡೆ ಉಬ್ಬಿತು.

ಅಕ್ಕ ನಿಧಾನಕ್ಕೆ ಎದ್ದಳು. ಗೋಡೆ ಹಿಡಿದು ಆಯಿಯ ಕಡೆ ತಿರುಗಿದಳು.

"ಹೋದ ಸಲ ನನ್ನ ಮುಂದ ಯಾರು ಕುಂಬಳಕಾಯಿ ಕೊಯ್ದಿದ್ರು, ಆಯಿ? ಯಾರೂ ಕೊಯ್ದಿದ್ದಿಲ್ಲ. ಆದ್ರೂ ಹೋತು."

ಆಯಿ ಸೆರಗು ಬಾಯಿಗೊತ್ತಿಕೊಂಡಳು. ಅಕ್ಕ ಸರಳಿಗೆ ಕೈ ಚಾಚಿದಳು. ನಾನು ಕೊಡಲಿಲ್ಲ. ಆಯಿಯೇ ಅವಳ ರಟ್ಟೆ ಹಿಡಿದು ಒಳಗೆ ಎಳೆದುಕೊಂಡು ಹೋದಳು. ಅವರು ಹೊಸ್ತಿಲು ದಾಟಿದ ಮೇಲೆ ನಾನು ಮುಖ ಪಕ್ಕಕ್ಕೆ ತಿರುಗಿಸಿ, ಉಬ್ಬಿದ ಕಡೆ ಬಿಟ್ಟು ಇನ್ನೊಂದು ಬದಿಗೆ ಸರಳು ಇಳಿಸಿದೆ. ಬುಸ್ಸೆಂದು ಹಬೆ ಎದ್ದಿತು, ಕೆಂಡ ಚೆದುರಿ ಮೊಣಕೈಗೆ ತಾಗಿತು. ಕಾಯಿ ಮೆತ್ತಗೆ ಕುಸಿಯಿತು.

ಒಳಗೆ ತಟ್ಟೆಯಲ್ಲಿ ಬಿಡಿಸಿಟ್ಟೆ. ಬಂಗಾರದ ಬಣ್ಣ, ಬೆಣ್ಣೆಯಂಥ ತಿರುಳು. ನಾನು ಸುಟ್ಟ ಮೊಣಕೈಗೆ ತಣ್ಣೀರು ಹಚ್ಚಿಕೊಳ್ಳುತ್ತಾ ಕೂತೆ. ಅಕ್ಕ ಒಬ್ಬಳೇ ತಿಂದಳು. ತಿನ್ನುತ್ತಾ ತಿನ್ನುತ್ತಾ ಅಗಿಯುವುದನ್ನು ನಿಲ್ಲಿಸಿದಳು.

"ಏನಾತು?" ಆಯಿ ಕೂಗಿದಳು.

ಅಕ್ಕ ನನ್ನ ಕೈ ಎಳೆದು ಹೊಟ್ಟೆಯ ಮೇಲಿಟ್ಟಳು. ಅಂಗೈ ಕೆಳಗೆ ಏನೋ ಮೆಲ್ಲಗೆ ಒತ್ತಿ ಸರಿಯಿತು.

"ಒದೀತು, ಆಯಿ!" ಅಂದೆ.

"ನಾ ಮುಟ್ಟಿ ನೋಡಿಲ್ಲಲ್ಲ," ಅಂದಳು ಆಯಿ. ತನ್ನ ಕೈಯನ್ನೂ ತಂದು ಪಕ್ಕದಲ್ಲಿಟ್ಟಳು. ಅದು ತಣ್ಣಗಿತ್ತು. "ಇನ್ನೊಮ್ಮೆ ಒದೀಲಿ, ತಡೀರಿ."

ಮೂವರೂ ಕಾದೆವು. ಬಹಳ ಹೊತ್ತು ಏನೂ ಆಗಲಿಲ್ಲ. ಆಯಿ ಕೈ ತೆಗೆಯಲಿಲ್ಲ, ನಾನೂ ತೆಗೆಯಲಿಲ್ಲ.